ಹೊತ್ತಿಗೆ ಓದುವ ಏಕಾಂತಯ್ಯ

ಸೋಮವಾರವೆಂದರೆ ಏಕಾಂತಯ್ಯನವರಿಗೆ ಹಾಸಿಗೆಯಿಂದ ಏಳುವ ಮೊದಲೇ ಆಯಾಸ. ಅಂದು ಮಗ್ಗೆ ಊರಿನ ಅವರ ಮನೆಯ ಜಗಲಿ ಮಂಜುನಾಡಿನ ಹೊತ್ತಿಗೆಯನ್ನು ಕೇಳಲು ಬಂದವರಿಂದ ತುಂಬಿರುತ್ತದೆ. ಅರವತ್ತೊಂದು ತಾಳೆಗರಿ, ಮೆಣಸಿನ ಬಳ್ಳಿಯ ಕುಡಿಯಂತೆ ಸುತ್ತಿಕೊಂಡ ಅಕ್ಷರ. ಬೆಟ್ಟಕ್ಕೆ ಮಂಜು ಕವಿದಾಗ ಮಾತ್ರ ಬಾಗಿಲು ತೆರೆಯುವ, ಹೊಳೆಗಳು ಮೇಲ್ಮುಖವಾಗಿ ಹರಿಯುವ ನಾಡೊಂದರಿಂದ ಅದು ಬಂದಿತೆಂದು ನಂಬಿಕೆ. ಕೇಳುವವರು ಕಣ್ಣುಮುಚ್ಚಿ ಗರಿಗಳ ನಡುವೆ ಕರಿದಾರ ಇಡಬೇಕು. ದಾರ ಬಿದ್ದ ಗರಿ ನೋಡಿ ಏಕಾಂತಯ್ಯ ಆ ನಾಡಿನ ಕಥೆಯೊಂದನ್ನು ಹೇಳಬೇಕು. ಹೀಗೆ ಮಾಡು, ಹಾಗೆ ಮಾಡಬೇಡ ಎನ್ನುವಂತಿಲ್ಲ. ಅರ್ಥ ಕೇಳಿದವರಿಗೆ ಬಿಟ್ಟದ್ದು.

ಅವರು ಯಸಳೂರಿನ ಬಸ್ಸಿನಲ್ಲಿ ಕಂಡಕ್ಟರ್ ಆಗಿದ್ದಾಗ ಅಪ್ಪ ಹಾಸಿಗೆ ಹಿಡಿದು ಕರೆಸಿಕೊಂಡಿದ್ದರು. "ಇದನ್ನ ನಮ್ಮಲ್ಲಿ ಯಾರೂ ಓದಿಲ್ಲ ಕಣೋ. ಗರಿ ನೋಡ್ದಂಗೆ ಮಾಡು, ಮುಖ ನೋಡಿ ಹೇಳು." ನಲವತ್ತೊಂದು ವರ್ಷ ಮುಖ ನೋಡಿದ್ದಾಯಿತು. ಹೇಳಿದ ಕಥೆಗಳು ಮರೆತುಹೋದವು, ಮುಖಗಳು ಮರೆಯಲಿಲ್ಲ.

"ಹನ್ನೆರಡು ಜನ ಕೂತವ್ರೆ. ತಿಂಡಿ ತಿಂದೇ ಹೋಗಿ, ಆಮೇಲೆ ತಲೆ ಸುತ್ತು ಅನ್ಬ್ಯಾಡಿ" ಎಂದರು ಈ ಸೋಮವಾರ ಬೆಳಿಗ್ಗೆ ಹೆಂಡತಿ ಜಗದಾಂಬ.

ಮೊದಲು ಒಳಬಂದವನು ಕೆ. ಹೊಸಕೋಟೆ ಕಡೆಯ ಲಕ್ಕಪ್ಪ. ಕಾಫಿ ತೋಟಗಳಲ್ಲಿ ನೆರಳಿನ ಮರ ಹತ್ತಿ ಕೊಂಬೆ ಸವರುವುದೇ ಅವನ ಬದುಕು. ಈಗ ಬಾಡಿಗೆ ಜೀಪಿನಿಂದಿಳಿದು ಹೆಂಡತಿ ಗಂಗಾಮಣಿಯ ಹೆಗಲಿಗೆ ಒರಗಿದ್ದ. ಸಕ್ಕರೆ ಕಾಯಿಲೆಯಿಂದ ಎಡಗಾಲು ಕಪ್ಪಾಗಿತ್ತು. ನಾಳೆಯೊಳಗೆ ಕಾಲು ತೆಗೆಯದಿದ್ದರೆ ಜೀವ ಉಳಿಯದೆಂದು ಹಾಸನದ ಡಾಕ್ಟರು ಹೇಳಿದ್ದರು. ಹೊತ್ತಿಗೆ ಕೇಳದೆ ಒಪ್ಪಲಾರೆನೆಂದು ಇವನು ಹಟ ಹಿಡಿದಿದ್ದ.

ಏಕಾಂತಯ್ಯ ಗರಿ ಬಿಡಿಸಿದರು. "ಆ ನಾಡಲ್ಲಿ ಒಂದು ಮರ. ಒಂದು ಕೊಂಬೆ ಒಣಗಿತು. ಮರ ಆ ಕೊಂಬೆ ಬಿಟ್ಟುಕೊಟ್ಟಿತು, ಮತ್ತೆ ಚಿಗುರಿತು."

ಲಕ್ಕಪ್ಪನ ಮುಖ ಅರಳಿತು. "ಕೇಳಿದ್ಯೇನೇ? ಒಣಗಿದ್ದು ತಾನಾಗೇ ಬೀಳ್ತದೆ. ಕತ್ತಿ ಹಾಕೋದ್ ಬ್ಯಾಡ ಅಂತ ಐತೆ. ಮರದ ಸಂಗ್ತಿ ನಂಗೆ ಗೊತ್ತಿಲ್ವಾ?"

ಗಂಗಾಮಣಿ ಏಕಾಂತಯ್ಯನವರನ್ನೇ ನೋಡಿದಳು.

ಅವರು ಗರಿಗಳನ್ನು ಮುಚ್ಚಿಟ್ಟರು. "ಲಕ್ಕಪ್ಪ, ಕಾಲು ತೆಗೆಸ್ಬುಡು. ಇದರಲ್ಲಿ ಏನೈತೋ ನಂಗೊತ್ತಿಲ್ಲ. ನಂಗೆ ಓದಕ್ಕೆ ಬರಲ್ಲ, ನಮ್ಮಪ್ಪಂಗೂ ಬರ್ತಿರಲಿಲ್ಲ. ಇದು ನಾನು ಹೇಳ್ತಿರೋ ಮಾತು."

ಇಷ್ಟು ವರ್ಷ ಹೊತ್ತ ಸುಳ್ಳನ್ನು ಇಳಿಸಿದರೆ ಹಗುರಾಗುವುದೆಂದು ಅವರು ಎಣಿಸಿದ್ದರು. ಲಕ್ಕಪ್ಪ ನಕ್ಕುಬಿಟ್ಟ.

"ನಿಮ್ ಮಾತಾದ್ರೆ ನಾನ್ಯಾಕ್ ಕೇಳ್ಲಿ ಅಯ್ನೋರೆ? ನೀವೇನ್ ಡಾಕ್ಟ್ರಾ? ಡಾಕ್ಟ್ರ ಮಾತೇ ನಾನ್ ಕೇಳಿಲ್ಲ. ನಡಿಯೇ, ಮನೆಗ್ ಹೋಗನ."

ಅವನು ಗೋಡೆ ಹಿಡಿದು ಏಳತೊಡಗಿದ. ಏಕಾಂತಯ್ಯ ದಣಿದ ಕೈಗಳಿಂದ ಹೊತ್ತಿಗೆಯನ್ನು ಮತ್ತೆ ಎಳೆದುಕೊಂಡರು.

"ಕೂತ್ಕೊ. ಹಿಂದ್ಗಡೆ ಇನ್ನೂ ಎರಡು ಸಾಲೈತೆ" ಎಂದರು. ಗರಿ ಮಗುಚಿ, ಬೆರಳಿಟ್ಟು, ಒಂದನೇ ಕ್ಲಾಸಿನ ಮಗುವಿನಂತೆ ಅಕ್ಷರ ಅಕ್ಷರ ಬಿಡಿಸಿ ಓದಿದರು: "ಕಾ... ಲು... ತೆ... ಗೆ... ಸು."

ಲಕ್ಕಪ್ಪ ಬಗ್ಗಿ ಆ ಗರಿಯನ್ನು ನೋಡಿದ. ಆಮೇಲೆ ಕೈಮುಗಿದ. "ಜೀಪ್ ಹಾಸನಕ್ಕೇ ತಿರುಗ್ಸಕ್ ಹೇಳು" ಎಂದ ಹೆಂಡತಿಗೆ.

ಜೀಪು ಹೊರಟಿತು. ಜಗಲಿಯಲ್ಲಿ ಗುಜುಗುಜು ಹಬ್ಬಿತ್ತು. ಬಾಗಿಲ ಸಂದಿಯಿಂದ ಎಲ್ಲವನ್ನೂ ಕೇಳಿಸಿಕೊಂಡಿದ್ದ ಭೂತಮ್ಮ, ಸರತಿಯಲ್ಲಿ ಮುಂದಿನವಳು, ಒಳಬಂದು ಚಕ್ಕಳಮಕ್ಕಳ ಹಾಕಿ ಕೂತಳು.

"ಕಥೆ ಗಿಥೆ ಬ್ಯಾಡಿ ಅಯ್ನೋರೆ. ಮಗಳನ್ನ ಆ ಮನೆಗೆ ಕೊಡ್ಲೋ ಬ್ಯಾಡ್ವೋ? ನಂಗೂ ಹಂಗೇ ನೆಟ್ಟಗೆ ಓದ್ಬುಡಿ."

ಹಿಂದೆ ಬಾಗಿಲಲ್ಲಿ ನಿಂತವರೆಲ್ಲ ಹೌದೆಂದು ತಲೆಯಾಡಿಸಿದರು.