ಕೂಗದೆ ಉಳಿದ ಹೆಸರು

ಸೂರಿ, ಏಡನ್ ಬಂದರಿನಲ್ಲಿ ನನ್ನನ್ನು ಯಾರೂ ಬಲವಂತವಾಗಿ ದೋಣಿಗೆ ಹತ್ತಿಸಲಿಲ್ಲ. ನಾನೇ ಹತ್ತಿದೆ. ನಾಲ್ಕು ವರ್ಷಗಳಿಂದ ನಿನಗೆ ಹೇಳಿಕೊಂಡು ಬಂದದ್ದು ಸುಳ್ಳು.

ಯೆಮನ್‌ನಲ್ಲಿ ಯುದ್ಧ ಶುರುವಾಗಿತ್ತು. ನಾವಿಬ್ಬರೂ ಒಂದೇ ಜನರೇಟರ್ ರಿಪೇರಿ ಶೆಡ್ಡಿನವರು — ನಾನು ಕೊಪ್ಪಳದ ಕಡೆಯವನು, ನೀನು ಸಿಂಧನೂರಿನ ತಾಯಿಗೆ ವಿಶಾಖಪಟ್ಟಣದಲ್ಲಿ ಹುಟ್ಟಿದವನು. ನಮ್ಮ ದೇಶದ ಹಡಗು ದೂರದಲ್ಲಿ ನಿಂತಿತ್ತು. ಅಲ್ಲಿಯವರೆಗೆ ದೋಣಿಯಲ್ಲಿ ಹೋಗಬೇಕಿತ್ತು. ದಡಕ್ಕೆ ಬಂದ ಮೇಲೆ ನೆನಪಾಯಿತು, ನನ್ನ ಪಾಸ್‌ಪೋರ್ಟ್ ಕೋಣೆಯಲ್ಲೇ ಉಳಿದಿದೆ. ವಾಪಸ್ ಹೋಗಲು ನನಗೆ ಧೈರ್ಯವಾಗಲಿಲ್ಲ. "ನೀ ಇಲ್ಲೇ ಕುಂದ್ರು ಅಣ್ಣಾ, ನಾ ಓಡಿಹೋಗಿ ತರ್ತೀನಿ" ಎಂದು ನೀನು ಓಡಿದೆ.

ಅಷ್ಟರಲ್ಲಿ ಹತ್ತಿರದಲ್ಲೇ ಶೆಲ್ ಬಿತ್ತು. ಪಾಸ್‌ಪೋರ್ಟ್ ಇಲ್ಲದವರೂ ಬರಬಹುದು, ಬೇಗ ಹತ್ತಿ ಎಂದ ದೋಣಿಯವನು. ಜೊತೆಗೆ ಇನ್ಯಾರಾದರೂ ಇದ್ದಾರಾ ಎಂದೂ ಕೇಳಿದ. ಇದ್ದಾನೆ ಎಂದಿದ್ದರೆ ಕಾಯುತ್ತಿದ್ದನೋ ಏನೋ —

"ಇಲ್ಲ, ನಾನೊಬ್ಬನೇ" ಎಂದೆ. ದೋಣಿ ಹೊರಟಾಗ ದಡದ ಕಡೆ ತಿರುಗಿಯೂ ನೋಡಲಿಲ್ಲ.

ಮೂರು ವಾರದ ಮೇಲೆ ನೀನು ಊರು ಮುಟ್ಟಿದೆ. ಶೆಲ್ಲಿನ ಚೂರು ಬಡಿದು ಎಡಗಣ್ಣು ಹೋಗಿತ್ತು. ನನ್ನ ಪಾಸ್‌ಪೋರ್ಟನ್ನು ಮಾತ್ರ ನೀನು ಪ್ಲಾಸ್ಟಿಕ್ಕಿನಲ್ಲಿ ಸುತ್ತಿ ತಂದಿದ್ದೆ. ನೋಡಲು ಬಂದ ನನ್ನ ಕೈಗೆ ಅದನ್ನಿಟ್ಟಾಗ ನನ್ನ ಬಾಯಿಂದ ಬಂದದ್ದು — "ಎಷ್ಟು ಕೂಗಿದ್ನೋ ಸೂರಿ, ಅವರು ಎಳೆದು ಹತ್ತಿಸಿದ್ರು, ಇಳಿಯಾಕ ಬಿಡಲಿಲ್ಲ."

"ಪರವಾಲೇದು ಅಣ್ಣಾ, ಇಬ್ರೂ ಬದುಕಿದೀವಲ್ಲ" ಎಂದೆ ನೀನು.

ಕಣ್ಣು ಹೋದ ಮೇಲೆ ನಿನಗೆ ವೆಲ್ಡಿಂಗ್, ರಿಪೇರಿ ಕೆಲಸ ಆಗಲಿಲ್ಲ. ನಿಮ್ಮೂರ ಹತ್ತಿರದ ಅಚ್ಯುತಾಪುರಂನ ಫ್ಯಾಕ್ಟರಿಯೊಂದರ ಗೇಟು ಕಾಯತೊಡಗಿದೆ. ಊರಲ್ಲಿ ಕೆಲಸವಿಲ್ಲದೆ ಕೂತಿದ್ದ ನನಗೋ, ನೀನೇ ನಿನ್ನ ಬಾವನಿಗೆ ಹೇಳಿ ವಿಜಯವಾಡದ ಆಟೋನಗರ್‌ನ ಗ್ಯಾರೇಜಿನಲ್ಲಿ ಕೆಲಸಕ್ಕೆ ದಾರಿ ಮಾಡಿಕೊಟ್ಟೆ. ಈಗ ನನ್ನದೇ ಲಾರಿ ರಿಪೇರಿ ಶೆಡ್ಡು, ಬಾಡಿಗೆ ಮನೆ, ಹೆಂಡತಿ...

ಕಳೆದ ತಿಂಗಳು ನಿಮ್ಮ ಮನೆಯಲ್ಲಿ ಊಟಕ್ಕೆ ಕೂತಾಗ ನೀನು ಮತ್ತೆ ನಾನು ದೋಣಿಯಿಂದ ನಿನ್ನನ್ನು ಕೂಗಿದ ಕತೆಯನ್ನೇ ಹೇಳಿದೆ — ಹೆಮ್ಮೆಯಿಂದ. ನಿನ್ನ ಮಗಳು ಕೇಳಿದಳು: "ದೊಡ್ಡಪ್ಪಾ, ಅಪ್ಪನ ಹೆಸರು ಎಷ್ಟು ಜೋರಾಗಿ ಕೂಗಿದ್ರಿ?" ಕೂಗಿ ತೋರಿಸಲಿ ಎಂದು ನೀನೂ ನಗುತ್ತ ನನ್ನತ್ತ ನೋಡಿದೆ. ಕೂಗುವ ಬದಲು ಲೋಟ ಎತ್ತಿಕೊಂಡೆ. ನೀರು ಕುಡಿದೆ.

ಹೆದರಿದ್ದೆ ಎನ್ನಬಹುದು. ಹೆದರಿಕೆ ನಿನಗೂ ಇತ್ತು. ಆದರೂ ನನಗಾಗಿ ಓಡಿದೆ.

ನಿನಗೆ ಕನ್ನಡ ಓದಲು ಬಾರದು. ಅದು ಗೊತ್ತಿದ್ದೇ ಕಾಗದ ಬರೆಯುತ್ತಿದ್ದೇನೆಯೇ? ಆ ನೆಪವೂ ಬೇಡ. ಭಾನುವಾರ ಬೆಳಗಿನ ರೈಲಿಗೆ ವಿಶಾಖಪಟ್ಟಣಕ್ಕೆ ಬರುತ್ತೇನೆ, ನಾನೇ ಓದಿ ಹೇಳುತ್ತೇನೆ. ನಿನ್ನ ಹೆಂಡತಿ, ಮಗಳೂ ಕೇಳಲಿ. ಆಮೇಲೆ ಎದ್ದು ಹೋಗು ಎಂದು ನೀನು ಹೇಳುವವರೆಗೆ ನಿನ್ನೆದುರೇ ಕೂತಿರುತ್ತೇನೆ.