ಒಬ್ಬರು ಕಮ್ಮಿ

“ಯಹೂದಿಯ ಕಾರು ಓಡಿಸುದಾ? ನಿಮ್ಗೆ ಬೇರೆ ಎಂತ ಕೆಲಸವೂ ಸಿಗ್ಲಿಲ್ವಾ ಮಾರಾಯ್ರೆ?” ಎಂದು ಕೇಳಿದವರಿಗೆಲ್ಲ ನಾನು ಸರಿಯಾಗಿ ಬಿಸಿ ಮುಟ್ಟಿಸಿದ್ದೇನೆ. ನಮ್ಮ ಯಜಮಾನರು ಬೊಂಬಾಯಿಯಲ್ಲಿ ಹುಟ್ಟಿ ಬೆಳೆದವರು, ದುಬೈಯಲ್ಲಿ ಬಟ್ಟೆ ವ್ಯಾಪಾರ, ಇಲ್ಲಿನ ಯಹೂದಿಗಳಿಗೆಲ್ಲ ಹಿರಿಯರು. ಕೆಲಸ ಹೋದವನಿಗೆ ಟಿಕೆಟ್, ಬಾಣಂತಿಗೆ ಆಸ್ಪತ್ರೆ, ಲೇಬರ್ ಕ್ಯಾಂಪಿನಲ್ಲಿ ಸತ್ತವನ ಹೆಣವನ್ನು ಊರಿಗೆ ಮುಟ್ಟಿಸುವುದು, ಇದೇ ಅವರ ದಿನಚರಿ. ಯಾವ ಜಾತಿ ಎಂದು ಕೇಳಿದ್ದನ್ನು ನಾನು ಕಂಡಿಲ್ಲ. ನನ್ನ ತಮ್ಮನ ಮಯ್ಯತ್ತು ಮಂಗಳೂರಿಗೆ ಹೋದದ್ದೂ ಅವರಿಂದಲೇ. ಹಾಗಾಗಿ ನನ್ನೆದುರು ಅವರ ಮೇಲೆ ನಾಲಿಗೆ ಹರಿಬಿಟ್ಟರೆ ಖಲಾಸ್, ನಾನು ಸುಮ್ಮನಿರುವವನಲ್ಲ.

ಅವರಿಗೆ ಮಕ್ಕಳಿರಲಿಲ್ಲ. ಹೆಂಡತಿ ತೀರಿಕೊಂಡು ಒಂದು ವರ್ಷವಾಗುತ್ತ ಬಂದಾಗ ಅವರ ಎರಡೂ ಕಿಡ್ನಿ ಕೈಕೊಟ್ಟಿದ್ದವು. ಡಯಾಲಿಸಿಸ್ ಮುಗಿಸಿ ಬರುವಾಗ ಕಾರಿನಲ್ಲಿ ಹೇಳಿದರು, “ವರ್ಷದ ದಿನ ಅವಳ ಹೆಸರಿನಲ್ಲಿ ನಾನೊಂದು ಪ್ರಾರ್ಥನೆ ಹೇಳಬೇಕು. ಮುಂದಿನ ವರ್ಷಕ್ಕೆ ನಾನು ಇರುವುದಿಲ್ಲ. ಆದರೆ ಹತ್ತು ಗಂಡಸರು ಇಲ್ಲದೆ ಅದನ್ನು ಹೇಳುವಂತಿಲ್ಲ. ಹತ್ತೂ ನಮ್ಮವರೇ ಆಗಬೇಕು.”

“ಹತ್ತೇ ಸಾಕಾ? ಭಾರೀ ಸಸ್ತಾ ಆಯ್ತಲ್ಲ ಸಾಬ್!” ಎಂದೆ. ನಾವು ಬ್ಯಾರಿಗಳು ಶಾಫಿ ಪಂಥದ ಮುಸ್ಲಿಮರು. ಶುಕ್ರವಾರದ ನಮ್ಮ ಜುಮಾ ನಮಾಜಿಗೆ ಊರಿನ ನಲ್ವತ್ತು ಗಂಡಸರು ಬೇಕು. ಕಮ್ಮಿ ಬಿದ್ದರೆ ಗದ್ದೆಯಿಂದ, ಅಂಗಡಿಯಿಂದ ಎಳೆದು ತರುತ್ತಿದ್ದರು. ಅದರಲ್ಲೂ ಊರು ಬಿಟ್ಟು ಬಂದು ಬೇರೆಲ್ಲೋ ದುಡಿಯುವವನು ಆ ನಲ್ವತ್ತರಲ್ಲಿ ಸೇರುವುದಿಲ್ಲ ಎಂದು ನಮ್ಮ ಉಸ್ತಾದರು ಹೇಳಿಕೊಟ್ಟಿದ್ದರು. ಇದನ್ನು ಹೇಳಿದಾಗ ಯಜಮಾನರು ಬಹಳ ದಿನಗಳ ಮೇಲೆ ನಕ್ಕರು. “ಹಾಗಾದರೆ ಈ ದುಬೈಯಲ್ಲಿ ನೀನು ಲೆಕ್ಕಕ್ಕೇ ಇಲ್ಲ!” “ಇಲ್ಲ ಸಾಬ್,” ಎಂದೆ. ನಗು ಅಲ್ಲಿಗೇ ನಿಂತಿತು.

ಹಿಂದೆಲ್ಲ ಅವರ ಹಾಲಿನಲ್ಲಿ ಶುಕ್ರವಾರ ಸಂಜೆ ಕೂರಲು ಕುರ್ಚಿ ಸಾಲುತ್ತಿರಲಿಲ್ಲ. ಆಚೆ ಯಹೂದಿಗಳ ದೇಶದಲ್ಲಿ ಯುದ್ಧ ಶುರುವಾದ ಮೇಲೆ ಇವರ ತಲೆಯ ಟೋಪಿಗಳು ಜೇಬು ಸೇರಿದವು. ಕೆಲವರು ದೇಶ ಬಿಟ್ಟರು, ಕೆಲವರು ಇದ್ದೂ ಇಲ್ಲದವರಾದರು. ವರ್ಷದ ದಿನ ಮಧ್ಯಾಹ್ನದಿಂದ ಒಬ್ಬೊಬ್ಬರಾಗಿ ಬಂದರು. ಅಬುಧಾಬಿಯ ರೀಮ್ ಐಲ್ಯಾಂಡಿನಿಂದ ಅಣ್ಣತಮ್ಮಂದಿರಿಬ್ಬರು ಟ್ಯಾಕ್ಸಿಯನ್ನು ದೂರದಲ್ಲೇ ಬಿಟ್ಟು ನಡೆದು ಬಂದರು. ಯಜಮಾನರೂ ಸೇರಿ ಒಂಬತ್ತು ಜನ. ನಮ್ಮಂತೆ ಅವರಿಗೂ ಸಂಜೆಗೇ ದಿನ ಮುಗಿಯುತ್ತದೆ, ಸೂರ್ಯ ಮುಳುಗುವುದರೊಳಗೆ ಪ್ರಾರ್ಥನೆ ಆಗಬೇಕು. ಹತ್ತನೆಯವನ ಫೋನು ಬಂದ್.

ಅವನು ಕೊಂಕಣ ಕರಾವಳಿಯ ಯಹೂದಿ. ಇಂಟರ್‌ನ್ಯಾಷನಲ್ ಸಿಟಿಯಲ್ಲಿ ನನ್ನ ಪಕ್ಕದ ಬಿಲ್ಡಿಂಗಿನಲ್ಲೇ ಹೆಂಡತಿ ಮಕ್ಕಳೊಂದಿಗೆ ಇದ್ದ. ಅವನ ಕೆಲಸ, ವೀಸಾ ಎರಡೂ ಯಜಮಾನರ ದಯೆ. “ನಾನು ಕರ್ಕೊಂಡು ಬರ್ತೇನೆ” ಎಂದು ಹೊರಟೆ. ಯಜಮಾನರು ಬೇಡವೆನ್ನುವಂತೆ ಕೈ ಎತ್ತಿದರು. ನಾನು ನಿಲ್ಲಲಿಲ್ಲ.

ಅವನ ಬಾಗಿಲು ತಟ್ಟಿ, ಊರಿನ ಅಭ್ಯಾಸದಲ್ಲೇ ಗಟ್ಟಿಯಾಗಿ, “ನಮಾಜಿಗೆ ಒಬ್ಬರು ಕಮ್ಮಿ, ಬೇಗ ಬನ್ನಿ!” ಎಂದು ಹಿಂದಿಯಲ್ಲಿ ಕೂಗಿದೆ. ನನಗೆ ಪ್ರಾರ್ಥನೆ ಎಂದರೆ ನಮಾಜೇ, ಬಾಯಿಗೆ ಬೇರೆ ಶಬ್ದ ಬರುವುದಿಲ್ಲ. ಅವನ ಬಾಗಿಲಿಗಿಂತ ಮೊದಲು ಎದುರು ಬಾಗಿಲು ತೆರೆಯಿತು. ಉಪ್ಪಿನಂಗಡಿಯ ನಮ್ಮವರೇ ಒಬ್ಬರು, ಮುಖ ಪರಿಚಯವಿತ್ತು.

“ಮಯ್ಯತ್ತ್ ನಮಾಜಾ ಕಾಕಾ? ಯಾರು ತೀರಿದ್ದು? ನಿಲ್ಲಿ, ಟೋಪಿ ಹಾಕಿ ಬಂದೆ.”

ಅಷ್ಟರಲ್ಲಿ ಅವನ ಬಾಗಿಲು ಒಂದು ಗೇಣು ತೆರೆಯಿತು. ಅವನು ನನ್ನನ್ನು ನೋಡಿದ, ಎದುರು ಮನೆಯವರನ್ನು ನೋಡಿದ. ಬೆವರಿದ್ದ. “ಭಾಯ್, ನಾವು ಕ್ರಿಶ್ಚಿಯನ್ನರು. ನಿಮಗೆ ಮನೆ ತಪ್ಪಿರಬೇಕು,” ಎಂದ. ಹಿಂದೆ ಅವನ ಹೆಂಡತಿ ಮಗುವಿನ ಬಾಯಿಗೆ ಕೈ ಅಡ್ಡ ಹಿಡಿದು ನಿಂತಿದ್ದಳು. ಬಾಗಿಲು ಮುಚ್ಚಿತು.

“ಪಾಪ, ಅವರು ಕ್ರಿಶ್ಚನ್ ಅಲ್ವಾ, ಅವ್ರನ್ನ ಯಾಕೆ ಕರೀತೀರಿ? ಯಲ್ಲಾ, ನಡೀರಿ, ನಾನು ಬರ್ತೇನಲ್ಲ,” ಎಂದರು ಉಪ್ಪಿನಂಗಡಿಯವರು, ಟೋಪಿ ಸರಿಮಾಡಿಕೊಳ್ಳುತ್ತ. ಆ ಒಳ್ಳೆಯ ಮನುಷ್ಯನಿಗೆ ಏನೋ ಒಂದು ಸಬೂಬು ಹೇಳಿ ಕೆಳಗಿಳಿದೆ. ಉಂಡ ಮನೆಯ ಋಣ ಇಲ್ಲದವನು, ಹರಾಮ್‌ಕೋರ, ಇನ್ನೂ ಏನೇನೋ ಬಯ್ಯುತ್ತ ವಾಪಸು ಬಂದೆ.

ಹಾಲಿನಲ್ಲಿ ಒಂಬತ್ತು ಜನವೂ ನಿಂತೇ ಇದ್ದರು. ಯಜಮಾನರು ನನ್ನ ಹಿಂದೆ ಯಾರಾದರೂ ಇದ್ದಾರೆಯೇ ಎಂದು ನೋಡಿದರು. “ಬಾಗಿಲು ಹಾಕಿಕೊಂಡ ಸಾಬ್. ಕ್ರಿಶ್ಚಿಯನ್ ಅಂತೆ! ನಾಚಿಕೆಗೆಟ್ಟವನು!”

“ಅವನನ್ನು ಬಯ್ಯಬೇಡ,” ಎಂದರು. “ಯಾರು ಕರೆದರೂ, ನನ್ನ ಹೆಸರು ಹೇಳಿ ಕರೆದರೂ, ಬಾಗಿಲು ತೆರೆಯಬೇಡಿ ಎಂದು ಮಕ್ಕಳಿರುವ ಎಲ್ಲರಿಗೂ ನಾನೇ ಹೇಳಿದ್ದೆ.”

ನನಗೆ ದುಃಖ ತಡೆಯಲಾಗಲಿಲ್ಲ. “ನಾನೇ ನಿಲ್ತೇನೆ ಸಾಬ್. ನೀವು ಹೇಳಿ. ಆಮೀನ್ ಹೇಳಲು ನನಗೆ ಬರುವುದಿಲ್ಲವಾ? ಹುಟ್ಟಿದಾಗಿನಿಂದ ಅದನ್ನೇ ಹೇಳುತ್ತಿದ್ದೇನೆ.”

ಅವರು ನನ್ನ ಭುಜದ ಮೇಲೆ ಕೈಯಿಟ್ಟರು. ರೀಮ್ ಐಲ್ಯಾಂಡಿನ ಕಿರಿಯವನು, “ಇವತ್ತೊಂದು ದಿನ ನಡೆಯಲಿ ಅಂಕಲ್,” ಎಂದು ಇಂಗ್ಲಿಷಿನಲ್ಲಿ ಅಂಗಲಾಚಿದ. ಯಜಮಾನರು ಆಗದೆಂದು ತಲೆಯಾಡಿಸಿದರು. “ಅವಳು ಒಪ್ಪುತ್ತಿರಲಿಲ್ಲ,” ಎಂದು ಕೈಯಲ್ಲಿದ್ದ ಪ್ರಾರ್ಥನೆಯ ಪುಸ್ತಕ ಮುಚ್ಚಿದರು. ಸೂರ್ಯ ಮುಳುಗಿ ಹೊರಗೆ ಮಗ್ರಿಬ್ ಬಾಂಗ್ ಕೇಳಿಸಿತು. ಬಂದವರು ಒಬ್ಬರ ಹಿಂದೆ ಒಬ್ಬರು, ನಡುವೆ ಸ್ವಲ್ಪ ಹೊತ್ತು ಬಿಟ್ಟು, ಇಳಿದು ಹೋದರು.

ಆಮೇಲೆ ಅವರು ಫೋನು ನನ್ನ ಕೈಗೆ ಕೊಟ್ಟರು. ಕಣ್ಣು ಮಂಜಾಗಿದ್ದರಿಂದ ಅವರಿಗೆ ಟೈಪ್ ಮಾಡಲು ಆಗುತ್ತಿರಲಿಲ್ಲ. “ಅವನಿಗೆ ಬರೆ. ರಾತ್ರಿ ಫೋನು ಆನ್ ಮಾಡಿದಾಗ ಕಾಣಲಿ. ಇಲ್ಲದಿದ್ದರೆ ಅವನಿಗೆ ನಿದ್ರೆ ಬರುವುದಿಲ್ಲ.” ಅವರು ಹೇಳಿದ್ದನ್ನು ನಾನು ಹಿಂದಿಯಲ್ಲಿ ಹಾಗೆಯೇ ಬರೆದೆ: ಹತ್ತು ಜನ ಸಿಕ್ಕಿದರು ಮಗನೇ, ಪ್ರಾರ್ಥನೆ ಚೆನ್ನಾಗಿ ಆಯಿತು.