ಕೊಟ್ರಪ್ಪಮಾವ ಕಟ್ಟಿದ್ದು

ಬಸ್ಸು ಬರುವ ಮೊದಲೇ ‘ಬಂತು’ ಎಂದು ಕೂಗುತ್ತಿದ್ದ ಏಜೆಂಟರೆಂದರೆ ಹಿರಿಯೂರಿನ ಬಸ್ ಸ್ಟ್ಯಾಂಡಿನಲ್ಲಿ ನಮ್ಮ ಕೊಟ್ರಪ್ಪಮಾವ ಒಬ್ಬರೇ. ರಸ್ತೆಯ ಮೇಲೆ ಒಂದು ನಾಯಿಯೂ ಇರುತ್ತಿರಲಿಲ್ಲ. ಇವರು ಮಾತ್ರ ಹೆಗಲ ಮೇಲಿನ ಟವೆಲ್ಲು ಬೀಸುತ್ತ, “ದುರ್ಗ, ದುರ್ಗ! ಬಂತು, ಏಳ್ರಿ, ಹತ್ರಿ!” ಎಂದು ಗಂಟಲು ಹರಿದುಕೊಳ್ಳುವರು. ಹೊಸಬರು ಗಡಬಡಿಸಿ ಗಂಟುಮೂಟೆ ಎತ್ತಿಕೊಂಡು ನಿಂತರೆ, ಹಳಬರು ಕೂತಲ್ಲೇ ನಿಧಾನವಾಗಿ ಬೀಡಿ ಮುಗಿಸುವರು. ಯಾರಾದರೂ ರೇಗಿದರೆ, “ಬರ್ತೈತೆ ಅಂದ್ರೆ ಅದು ಇನ್ನೂ ದಾರೀಲೇ ಇರ್ತೈತೆ ಕಣಯ್ಯ. ಬಂತು ಅನ್ನು, ಬಂದೇ ಬಿಡ್ತೈತೆ,” ಎನ್ನುವರು. ಬಸ್ಸೇನೋ ಒಂದಲ್ಲ ಒಂದು ಹೊತ್ತಿಗೆ ಬರುತ್ತಲೇ ಇತ್ತು. ಹಾಗಾಗಿ ಅವರನ್ನು ಸುಳ್ಳ ಎನ್ನಲು ಯಾರಿಗೂ ಬಾಯಿ ಬರಲಿಲ್ಲ.

ನಮಗೆ ಅದು ತಮಾಷೆ, ಅವರಿಗೆ ಅದು ಮತ. ಅವರ ಹೆಂಡತಿ ಗೌರತ್ತೆಯ ತವರು ಹೊಳಲ್ಕೆರೆ ಕಡೆಯ ಬಿ.ದುರ್ಗ. ಅಲ್ಲೊಬ್ಬ ಮುದುಕ ಗುರು ಇದ್ದನಂತೆ. ಲೋಕವೆನ್ನುವುದು ಮನಸ್ಸು ಕಟ್ಟಿಕೊಂಡ ಮನೆ, ಬೇಡವಾದರೆ ಕೆಡವಿ ಬೇರೆ ಕಟ್ಟಬಹುದು ಎಂದು ಅವನು ಮಾವನಿಗೆ ಮಾಡಿದ ಬೋಧೆ. ಅವನಿಗೆ ಅವನ ಗುರು ಹೇಳಿದ್ದು, ಆ ಗುರುವಿಗೆ ಇನ್ಯಾರೋ. ಪುಸ್ತಕವಿಲ್ಲ, ಗುಡಿಯಿಲ್ಲ. ಬೆಳಗಿನ ಜಾವ ಬರಿಗೋಡೆಗೆ ಮುಖ ಮಾಡಿ ಕೂತು, ಬೇಕಾದ್ದನ್ನು ಅದರ ತೂಕ, ವಾಸನೆಯ ಸಮೇತ ಮನಸ್ಸಿನಲ್ಲಿ ಕಟ್ಟಬೇಕು. ಎದ್ದ ಮೇಲೆ ಅದು ಆಗಿಯೇ ಹೋಗಿದೆ ಎನ್ನುವಂತೆ ನಡೆದುಕೊಳ್ಳಬೇಕು. ಮನೆಯಲ್ಲಿ ಒಬ್ಬರು ಅನುಮಾನ ಪಟ್ಟರೂ ಸಾಕು, ಕಟ್ಟಿದ್ದು ಬಿರುಕು ಬಿಡುತ್ತದೆ. “ಬಿರುಕು ಬಿಡಬ್ಯಾಡ್ರಿ” ಎನ್ನುವುದು ಆ ಮನೆಯಲ್ಲಿ ಉಪ್ಪು ಕೊಡು, ನೀರು ಕೊಡು ಎಂಬಷ್ಟು ಸಲೀಸಾದ ಮಾತಾಗಿತ್ತು.

ಅವರದೂ ನಮ್ಮದೂ ಒಂದೇ ಗೋಡೆಯ ಮನೆಗಳು. ನಮ್ಮಮ್ಮ ಅವರನ್ನು ಅಣ್ಣ ಎನ್ನುತ್ತಿದ್ದಳು, ನನಗೆ ಮಾವ. ಅವರ ಮನೆಯಲ್ಲಿ ಕುರ್ಚಿ ಇರಲಿಲ್ಲ. ಆದರೂ ಬಂದವರಿಗೆಲ್ಲ ಮೂಲೆ ತೋರಿಸಿ, “ಕುರ್ಚಿ ಮ್ಯಾಲೆ ಕುಂತ್ಕಳ್ರಿ” ಎನ್ನುತ್ತಿದ್ದರು. ಬಂದವರು ಮೂಲೆಯನ್ನೂ ಅವರನ್ನೂ ಒಮ್ಮೆ ನೋಡಿ ಚಾಪೆಯ ಮೇಲೆ ಕೂರುತ್ತಿದ್ದರು. ಎಷ್ಟೋ ತಿಂಗಳ ಮೇಲೆ ಯಾವುದೋ ಹೋಟೆಲಿನವರು ಬೇಡವೆಂದು ಎಸೆದ, ಒಂದು ಕೈ ಮುರಿದ ಕುರ್ಚಿ ಆ ಮೂಲೆಗೆ ಬಂತು. ಮಾವ ಬೀದಿಯವರನ್ನೆಲ್ಲ ಕರೆದು ತೋರಿಸಿದರು. ನಮ್ಮಮ್ಮ, “ಅಷ್ಟು ದಿನ ಕಟ್ಟಿದವನು ಆ ಇನ್ನೊಂದು ಕೈನೂ ಕಟ್ಟಬಾರದಿತ್ತೇನಣ್ಣ?” ಎಂದಾಗ ಎಲ್ಲರಿಗಿಂತ ಜೋರಾಗಿ ನಕ್ಕವರು ಅವರೇ. ನಾನು ಎಸ್ಸೆಸ್ಸೆಲ್ಸಿ ಪರೀಕ್ಷೆಗೆ ಕೂರುವ ಮೊದಲೇ ಗಣಿತದಲ್ಲಿ ಪಾಸಾದೆನೆಂದು ಊರಿಗೆಲ್ಲ ಬೆಲ್ಲ ಹಂಚಿಬಿಟ್ಟಿದ್ದರು. ಆ ಬೆಲ್ಲದ ಮಾನ ಉಳಿಸಬೇಕಲ್ಲ ಎಂಬ ಹೆದರಿಕೆಗೇ ನಾನು ಓದಿದ್ದು, ಪಾಸಾದದ್ದು. ನನ್ನಪ್ಪನಿಗೂ ಇರದಿದ್ದ ನಂಬಿಕೆ ನನ್ನ ಮೇಲೆ ಅವರಿಗಿತ್ತು.

ಅವರ ಒಬ್ಬಳೇ ಮಗಳು ಗಿರಿಜ ನನ್ನ ಗೆಳತಿ. ಆ ಬೇಸಿಗೆಯಲ್ಲಿ ಅವಳಿಗೆ ಜ್ವರ ಬಂತು. ಬಂದದ್ದು ಇಳಿಯಲಿಲ್ಲ. ಮಾವ ದಿನಾ ಬೆಳಗಿನ ಜಾವ ಗೋಡೆಯ ಮುಂದೆ ಕೂತು, ಕೊಡ ಹೊತ್ತು ನಗುತ್ತ ಬರುವ ಗಿರಿಜಳನ್ನು ಕಟ್ಟುತ್ತಿದ್ದರು. ಎದ್ದು ಬಂದು, “ಗಿರಿಜ ಚೆನ್ನಾಗವಳೆ” ಎಂದು ಕೇಳಿದವರಿಗೂ ಕೇಳದವರಿಗೂ ಹೇಳುತ್ತಿದ್ದರು. ಅವಳೂ ಹಾಗೇ. ಅಪ್ಪನ ಕಣ್ಣಿಗೆ ಬೀಳಲಿ ಎಂದು ಸುಡುವ ಮೈಯಲ್ಲಿ ಎದ್ದು, ನಡುಗುತ್ತ, ಬೋರಿನಿಂದ ಕೊಡ ಹೊತ್ತು ತಂದಳು. ಹಿತ್ತಲಲ್ಲಿ ವಾಂತಿ ಮಾಡಿಕೊಳ್ಳುವಾಗ ನಾನು ಬೆನ್ನು ಸವರುತ್ತ, ಅಪ್ಪನಿಗೆ ಹೇಳೇ ಎಂದೆ.

“ಸುಮ್ನಿರೇ, ಕೇಳಿಸ್ಕಂತಾನೆ,” ಎಂದಳು. “ಅಪ್ಪ ಅಷ್ಟು ಕಷ್ಟಪಟ್ಟು ಕಟ್ತಾನೆ. ನಾನೇ ಬಿರುಕು ಬಿಟ್ರೆ ಹೆಂಗೆ?”

ನಮ್ಮಮ್ಮ ತಡೆಯಲಾರದೆ ಹೋಗಿ ಜಗಳವನ್ನೇ ಆಡಿದಳು. “ಅಣ್ಣ, ಹುಡುಗಿ ಮೈ ಕೆಂಡ ಆಗೈತೆ. ದುರ್ಗದ ದೊಡ್ಡಾಸ್ಪತ್ರೆಗೆ ಕರ್ಕಂಡು ಹೋಗು.”

“ಆಸ್ಪತ್ರೆ ಮೆಟ್ಲು ಹತ್ತಿದ್ರೆ ಕಾಯ್ಲೆ ಐತೆ ಅಂತ ನಾನೇ ಒಪ್ಪಿದಂಗೆ ಕಣಮ್ಮ. ಒಪ್ಪಿದ್ರೆ ಅದು ಅಲ್ಲೇ ಕುಂತ್ಕಂಬಿಡ್ತೈತೆ.”

ದುರ್ಗದ ಬಸ್ಸುಗಳನ್ನೆಲ್ಲ ತಮ್ಮ ಕೈಯಾರೆ ತುಂಬಿಸಿ ಕಳಿಸುತ್ತಿದ್ದ ಮನುಷ್ಯ ಅವರು. ಎಲ್ಲ ಡ್ರೈವರುಗಳೂ ಅವರಿಗೆ ಗೊತ್ತಿದ್ದವರು. ಗಿರಿಜ ಬಡಬಡಿಸತೊಡಗಿ, ಯಾರ ಗುರುತೂ ಹಿಡಿಯದೆ ಹೋದ ದಿನ ಅವರು ಮಗಳನ್ನೆತ್ತಿಕೊಂಡು ಬಸ್ ಸ್ಟ್ಯಾಂಡಿಗೆ ಓಡಿದರು. ಬಸ್ಸು ಅರ್ಧದಾರಿಯ ಐಮಂಗಲ ದಾಟುವ ಹೊತ್ತಿಗೆ ಅವಳು ಇರಲಿಲ್ಲ.

ಇನ್ನಾದರೂ ಈ ಹುಚ್ಚು ಬಿಡುತ್ತದೆ ಎಂದು ಊರೆಲ್ಲ ಅಂದುಕೊಂಡಿತು. ಆದದ್ದು ಬೇರೆಯೇ. ಮಣ್ಣು ಮಾಡಿ ಬಂದ ಮೇಲೆ ಮಾವ ಜಗಲಿಯ ಮೇಲೆ ಕೂತು ನಮ್ಮಮ್ಮನಿಗೆ ಹೇಳಿದರು: “ಕೊಡ ಹೊತ್ತಿದ್ದನ್ನೇ ಕಟ್ತಿದ್ದೆ ಕಣಮ್ಮ. ಒಂದು ದಿನ ನಡುವೆ ಅವಳನ್ನು ಮಲಗಿಸಿ ಹೂವು ಹಾಕಿದಂಗೆ ಕಂಡ್ತು. ಕಣ್ಮುಚ್ಚಿ ತೆಗೆಯೋಷ್ಟರಲ್ಲಿ ಹೋತು. ಆದ್ರೆ ಕಂಡಿದ್ದು ಕಂಡಂಗೇ. ಅದೇ ಆತು. ನಾನೇ ಕಟ್ದೆ.”

ಆ ದಿನದಿಂದ ಅವರಿಗೆ ತಮ್ಮ ಮನಸ್ಸನ್ನೇ ಕಂಡರೆ ಭಯ. ಬಸ್ ಸ್ಟ್ಯಾಂಡಿಗೆ ಹೋದರೂ ಕೂಗಲಿಲ್ಲ. ಬಸ್ಸು ನೆನೆದರೆ ಅದು ಉರುಳಿಬೀಳುವುದೂ ಮನಸ್ಸಿಗೆ ಬಂದೀತು ಎಂದು ಏಜೆಂಟ್ ಕೆಲಸವನ್ನೇ ಬಿಟ್ಟರು. ಗೌರತ್ತೆಯನ್ನು, “ನೀನು ಕಣ್ಮುಂದೆ ಇದ್ರೆ ಏನಾರ ಕೆಟ್ಟದ್ದು ನೆನೀತೀನಿ. ತವರಿಗೆ ಹೋಗಿ ಬದುಕ್ಕೋ,” ಎಂದು ಬಿ.ದುರ್ಗಕ್ಕೆ ಕಳಿಸಿಬಿಟ್ಟರು. ಮಗಳನ್ನು ಕಳೆದುಕೊಂಡವಳನ್ನು ಗಂಡನೂ ದೂರಮಾಡಿದ. ಆಕೆ ಅತ್ತದ್ದು ನನಗೆ ಈಗಲೂ ಸಹಿಸಲಾಗದ ನೆನಪು. ನಾನು ಎದುರಾದರೆ ಮಾವ ಟವೆಲ್ಲಿನಿಂದ ಮುಖ ಮುಚ್ಚಿಕೊಂಡು, “ಹೋಗವ್ವ, ನನ್ನ ಎದುರಿಗೆ ನಿಲ್ಬ್ಯಾಡ,” ಎನ್ನುತ್ತಿದ್ದರು. ಒಂದು ದಿನ ಮನೆಗೆ ಬೀಗ ಬಿತ್ತು.

ಅವರನ್ನು ಕೊನೆಯ ಸಲ ಕಂಡದ್ದು ದುರ್ಗದಲ್ಲಿ. ನಾನಾಗ ಹಾಸ್ಟೆಲಿನಲ್ಲಿದ್ದು ಕಾಲೇಜು ಓದುತ್ತಿದ್ದೆ. ಒಂದು ಮಠದ ಊಟದ ಮನೆಯಲ್ಲಿ ಎಲೆ ತೆಗೆಯುತ್ತ ಗಡ್ಡದ ಮುದುಕರೊಬ್ಬರಿದ್ದರು. ದನಿಯಿಂದ ಗುರುತು ಹಿಡಿದೆ. ಊಟವೆಲ್ಲ ಮುಗಿದ ಮೇಲೆ ಪಕ್ಕದಲ್ಲಿ ಹೋಗಿ ಕೂತೆ. ಮುಖ ಮುಚ್ಚಿಕೊಳ್ಳುವಷ್ಟು ಶಕ್ತಿಯೂ ಅವರಲ್ಲಿ ಉಳಿದಿರಲಿಲ್ಲ.

“ಮಾವ, ನೆನೆದ್ರೆ ಯಾರೂ ಸಾಯಲ್ಲ,” ಎಂದೆ. “ಗಿರಿಜ ಹೋಗಿದ್ದು ಟೈಫಾಯ್ಡಿಂದ. ಆ ಗುರು ಹೇಳಿದ್ದೆಲ್ಲ ಬರೀ ಸುಳ್ಳು. ಮನಸ್ಸಿಂದ ಏನೂ ಆಗಲ್ಲ, ಕೆಟ್ಟದ್ದೂ ಆಗಲ್ಲ. ನೀವು ಕೊಂದಿಲ್ಲ.”

“ನಿಜವಾ? ಓದಿದವರು ಹಂಗಂತಾರಾ?”

“ಹೂಂ ಮಾವ. ನಿಜ.”

ಅವರ ಮುಖ ಸಡಿಲವಾಯಿತು. ಎಷ್ಟೋ ಕಾಲದ ಮೇಲೆ ನನ್ನನ್ನು ನೇರವಾಗಿ ನೋಡಿದರು. ಗೆದ್ದೆ ಎಂದೇ ನಾನು ಅಂದುಕೊಂಡೆ. ಆಮೇಲೆ ಅವರು ಮೆಲ್ಲಗೆ ಕೇಳಿದರು:

“ಹಂಗಾರೆ ಅವತ್ತು ನಿಮ್ಮಮ್ಮ ಹೇಳ್ದಾಗ್ಲೇ ಬಸ್ಸು ಹತ್ತಿಸಿದ್ರೆ, ಉಳೀತಿದ್ಲಾ?”

ನಾನು ತಲೆ ತಗ್ಗಿಸಿದೆ.

“ಬ್ಯಾಡ ಕಣವ್ವ,” ಎಂದರು ಕೊಟ್ರಪ್ಪಮಾವ. “ಅದು ಬ್ಯಾಡ. ನಾನು ನೆನೆದಿದ್ದಕ್ಕೇ ಸತ್ಲು. ಹಂಗೇ ಇರ್ಲಿ ಬಿಡು.”